ಕಳ್ಳನ ಕುಲ

ಕೆಲವು ಪ್ರಶ್ನೆಗಳು ತರಗತಿಯಲ್ಲಿ ಹುಟ್ಟಿ ತರಗತಿಯಲ್ಲಿಯೇ ಮುಗಿಯುವುದಿಲ್ಲ. ಗಂಟೆ ಬಾರಿಸಿದ ಮೇಲೆಯೂ ಅಧ್ಯಾಪಕನ ಬೆನ್ನು ಹತ್ತಿ ಮನೆಯವರೆಗೆ ಬರುತ್ತವೆ. ಅಂಥದೊಂದು ಪ್ರಶ್ನೆಯಿಂದ ಈ ಲೇಖನ ಹುಟ್ಟಿತು.

ಹಳಗನ್ನಡದ ಪಾಠ ನಡೆದಿತ್ತು. 'ವಡ್ಡಾರಾಧನೆ'ಯ ವಿದ್ಯುಚ್ಚೋರನ ಕಥೆಯನ್ನು ಹೇಳುತ್ತಿದ್ದೆ. ಓದುಗರಲ್ಲಿ ಹಲವರು ಬಲ್ಲ ಕಥೆ ಅದು. ಒಬ್ಬ ಅರಸನ ಮಗ, ಅದೇ ಊರಿನ ತಳಾರನ ಮಗ. ಇಬ್ಬರೂ ಗೆಳೆಯರು, ಒಡನೆ ಓದಿದವರು. ಒಬ್ಬನು ಕಳವಿನ ಶಾಸ್ತ್ರವನ್ನು ಕಲಿತರೆ ಮತ್ತೊಬ್ಬನು ಕಳ್ಳನನ್ನು ಹಿಡಿಯುವ ಶಾಸ್ತ್ರವನ್ನು ಕಲಿಯುತ್ತಾನೆ. ಮುಂದೆ ಯಮದಂಡನೆಂಬ ಆ ಗೆಳೆಯ ಮಿಥಿಲೆಯಲ್ಲಿ ತಳಾರನಾಗಿರುವಾಗ ವಿದ್ಯುಚ್ಚೋರನು ಅಲ್ಲಿಗೇ ಬಂದು, ಹಗಲು ಕುಷ್ಠರೋಗಿಯಂತೆ ಬಿದ್ದುಕೊಂಡಿದ್ದು, ಅರಮನೆಯ ಹಾರವನ್ನೇ ಕದಿಯುತ್ತಾನೆ. ನಿಗದಿಯಾದ ದಿನಗಳೊಳಗೆ ಕಳ್ಳನನ್ನು ತಂದೊಪ್ಪಿಸದಿದ್ದರೆ ತಳಾರನ ತಲೆಗೇ ಸಂಚಕಾರ. ಕೊನೆಗೆ ರೋಗಿಯನ್ನು ಹಿಡಿದು ತರುತ್ತಾರೆ. ಬಗೆಬಗೆಯಾಗಿ ದಂಡಿಸಿದರೂ ಅವನು ಬಾಯಿ ಬಿಡುವುದಿಲ್ಲ.

ಇಷ್ಟು ಹೇಳಿ ಕಥನಕೌಶಲದ ಕಡೆಗೆ ಮಾತು ತಿರುಗಿಸುವಷ್ಟರಲ್ಲಿ ಹಿಂದಿನ ಬೆಂಚಿನಿಂದ ಒಬ್ಬ ಹುಡುಗ ಎದ್ದು ನಿಂತ. "ಸರ್, ಇವನು ಅರಸನ ಮಗ. ಆದರೂ ಅರಸರ ಕುಲವನ್ನು ಯಾರೂ ಕಳ್ಳರ ಕುಲ ಅನ್ನಲಿಲ್ಲ. ನಮ್ಮನ್ನು ಯಾಕೆ ಅಂದರು?"

'ನಮ್ಮನ್ನು' ಎಂಬ ಆ ಒಂದು ಮಾತಿಗೆ ಇಡೀ ತರಗತಿ ಸುಮ್ಮನಾಯಿತು. ಹುಡುಗ ಕೊರಮರವನು. ಮನೆಯಲ್ಲಿ ಬಿದಿರಿನ ಬುಟ್ಟಿ, ಮೊರ ಹೆಣೆಯುತ್ತಾರೆ. ಅವನ ಮುತ್ತಜ್ಜ ರಾತ್ರಿಯ ಹೊತ್ತು ಪೊಲೀಸರ ಮುಂದೆ ಹಾಜರಿ ಹೇಳಬೇಕಾಗಿದ್ದ ಸಂಗತಿಯನ್ನು ಆ ಮನೆಯಲ್ಲಿ ಇಂದಿಗೂ ತಗ್ಗಿದ ದನಿಯಲ್ಲಿ ಆಡುತ್ತಾರಂತೆ. ನಾನು ಅಂದು ಕೊಟ್ಟ ಉತ್ತರ ಉತ್ತರವಾಗಿರಲಿಲ್ಲ. "ಅದು ಬ್ರಿಟಿಷರ ಕಾಲದ ಅನ್ಯಾಯ" ಎಂದು ಹೇಳಿ ಪಾಠಕ್ಕೆ ಮರಳಿದೆ. ಆದರೆ ಅಪರಾಧವನ್ನು ಅರಿಯಲು, ಅಡಗಿಸಲು ಸರ್ಕಾರಗಳು ಪಟ್ಟ ಪಾಡಿನ ಕಥೆ ಅಷ್ಟು ಚಿಕ್ಕದೂ ಅಲ್ಲ, ಅಷ್ಟು ದೂರದ್ದೂ ಅಲ್ಲ. ಅದರ ಬಹುಪಾಲು ನಮ್ಮ ಹೊಸಪೇಟೆಯ ಸುತ್ತಮುತ್ತಲೇ ನಡೆದಿದೆ.

*

ಹಂಪಿಯ ಅರಮನೆಯ ಆವರಣಗಳ ನಡುವೆ ಟಂಕಸಾಲೆಯೆಂದು ಗುರುತಿಸಿರುವ ಒಂದು ಪಾಳು ನೆಲವುಂಟು. ಪ್ರವಾಸಿಗರು ಅಲ್ಲಿ ಹೆಚ್ಚು ಹೊತ್ತು ನಿಲ್ಲುವುದಿಲ್ಲ. ೧೪೪೩ರಲ್ಲಿ, ಇಮ್ಮಡಿ ದೇವರಾಯನ ಕಾಲದಲ್ಲಿ, ಶಾರುಖ್ ಸುಲ್ತಾನನ ರಾಯಭಾರಿಯಾಗಿ ವಿಜಯನಗರಕ್ಕೆ ಬಂದ ಅಬ್ದುಲ್ ರಜಾಕ್ ಟಂಕಸಾಲೆಯ ಎದುರಿಗೆ ನಗರರಕ್ಷಕನ ಕಚೇರಿ ಇತ್ತೆಂದು ಬರೆದಿದ್ದಾನೆ. ಆ ಅಧಿಕಾರಿಯ ಕೈಕೆಳಗೆ ೧೨,೦೦೦ ಮಂದಿ ಕಾವಲಿನವರು. ಅವರ ಸಂಬಳ ದಿನಕ್ಕೆ ೧೨,೦೦೦ ಪಣ. ಆ ಹಣ ಬರುತ್ತಿದ್ದುದು ವೇಶ್ಯಾಗೃಹಗಳ ತೆರಿಗೆಯಿಂದ. ಏಳು ಕೋಟೆಗಳೊಳಗೆ ಏನೇನು ನಡೆಯಿತೆಂಬುದನ್ನು ತಿಳಿದುಕೊಳ್ಳುವುದು, ಕಳೆದುದನ್ನು ಕಳುವಾದುದನ್ನು ಹುಡುಕಿ ಕೊಡುವುದು ಅವರ ಕೆಲಸ. ಹುಡುಕಿ ಕೊಡದಿದ್ದರೆ ಅವರೇ ದಂಡ ತೆರಬೇಕು.

ಸುಮಾರು ತೊಂಬತ್ತು ವರ್ಷಗಳ ಅನಂತರ ಇಲ್ಲಿದ್ದ ಪೋರ್ಚುಗೀಸ್ ಕುದುರೆ ವ್ಯಾಪಾರಿ ನೂನಿಜನೂ ಇದೇ ಧಾಟಿಯಲ್ಲಿ ಹೇಳುತ್ತಾನೆ. ದಾರಿಯಲ್ಲಿ ಸುಲಿಗೆಯಾಯಿತೆಂದು ಯಾರಾದರೂ ಅರಸನ ಮುಂದೆ ಬಿದ್ದು ಮೊರೆಯಿಟ್ಟರೆ, ಆ ಸೀಮೆಯ ನಾಯಕ ಆಸ್ಥಾನದಲ್ಲಿಯೇ ಇದ್ದರೂ ಅವನನ್ನು ಕರೆಸುತ್ತಿದ್ದರು. ಕಳ್ಳನನ್ನು ಹಿಡಿಯದಿದ್ದರೆ ನಾಯಕನ ಆಸ್ತಿಯೇ ಹೋದೀತು. ರಾಜಧಾನಿಯ ಕಳವುಗಳಿಗೆ ನಗರದ ಅಧಿಕಾರಿ ಲೆಕ್ಕ ಒಪ್ಪಿಸಬೇಕು. ಸಿಕ್ಕಿದ ಕಳ್ಳನಿಗೆ ಮಾತ್ರ ದಯೆಯಿಲ್ಲ. ಅಲ್ಪಸ್ವಲ್ಪ ಕದ್ದವನಿಗೂ ಕೈ ಕಾಲು ಕತ್ತರಿಸುತ್ತಿದ್ದರು. ಕಳ್ಳನನ್ನು ಪತ್ತೆ ಮಾಡಲು ಮಂತ್ರವಾದಿಗಳ ನೆರವು ಪಡೆಯುತ್ತಿದ್ದರೆಂದೂ ಅವನು ಸೇರಿಸಿದ್ದಾನೆ.

ಈ ವ್ಯವಸ್ಥೆಯಲ್ಲಿ ಒಂದು ದೊಡ್ಡ ಗುಣವಿದೆ. ಪ್ರಜೆಯ ಸೊತ್ತು ಕಳುವಾದರೆ ಅದು ಕಾಯುವವನ ಸೋಲು. ಆದಕಾರಣ ನಷ್ಟವೂ ಅವನದೇ. 'ಕೋಟೆ ಸೂರೆ ಹೋದ ಮೇಲೆ ದಿಡ್ಡಿ ಬಾಗಿಲು ಹಾಕಿದರು' ಎಂದು ನಗುವ ಜನರಿಗೆ ಇದಕ್ಕಿಂತ ಹೆಚ್ಚಿನ ಭರವಸೆ ಬೇಕೆ? ನಮ್ಮ ಹಳ್ಳಿಗಳ ತಳವಾರನೂ ಇದೇ ಮರದ ಕೊಂಬೆ. ಊರನ್ನು ಕಾಯುವುದು, ಹೊಸಬರ ಮೇಲೆ ಕಣ್ಣಿಡುವುದು, ಕಳ್ಳನ ಹೆಜ್ಜೆಯ ಜಾಡು ಹಿಡಿದು ಮುಂದಿನ ಊರಿನ ಎಲ್ಲೆಯವರೆಗೆ ಹೋಗುವುದು ಅವನ ಹೊಣೆ. ಅದಕ್ಕೆ ಪ್ರತಿಯಾಗಿ ಅವನಿಗೆ ಮಾನ್ಯದ ಹೊಲ, ರಾಶಿಯ ಕಾಲದಲ್ಲಿ ಕಾಳು.

ಆದರೆ ರಜಾಕನು ಹೇಳಿರುವ ಮುಂದಿನ ಮಾತನ್ನೂ ಓದಬೇಕು. ಅವನ ಜೊತೆಗಾರನೊಬ್ಬನು ಕೊಂಡುತಂದಿದ್ದ ಕೆಲವು ಗುಲಾಮರು ಓಡಿಹೋದರು. ದೂರು ಹೋಯಿತು. ನಗರರಕ್ಷಕನು ಒಡನೆಯೇ, ಅತಿ ಬಡವರು ವಾಸಿಸುವ ಕೇರಿಯ ಕಾವಲಿನವರನ್ನು ಕರೆದು, ಓಡಿದವರನ್ನು ತಂದೊಪ್ಪಿಸಿ, ಇಲ್ಲವೇ ದಂಡ ಕಟ್ಟಿ ಎಂದು ಅಪ್ಪಣೆ ಮಾಡಿದ. ಗುಲಾಮರ ಬೆಲೆಯೆಷ್ಟೆಂದು ಕೇಳಿಕೊಂಡು ಅವರು ದಂಡವನ್ನೇ ಕಟ್ಟಿದರು.

ರಜಾಕನಿಗೆ ಇದು ನಗರದ ಸುವ್ಯವಸ್ಥೆಗೆ ನಿದರ್ಶನ. ನನಗೆ ಮಾತ್ರ ಇದನ್ನು ಓದಿದಾಗಲೆಲ್ಲ ಎರಡು ಸಂದೇಹಗಳು ಏಳುತ್ತವೆ. ಇಲ್ಲಿ ಕಳುವಾದ ಸೊತ್ತು ಯಾವುದು? ತಮ್ಮ ಕಾಲ ಮೇಲೆ ತಾವೇ ನಡೆದುಹೋದ ಮನುಷ್ಯರು! ಎರಡನೆಯದಾಗಿ, ಅವರು ಯಾವ ಕೇರಿಯಲ್ಲಿ ಅಡಗಿದ್ದರೆಂದು ಯಾರಿಗೆ ಗೊತ್ತಿತ್ತು? ಏಳು ಕೋಟೆಗಳ ಆ ಮಹಾನಗರದಲ್ಲಿ ಅಧಿಕಾರಿಯ ಕಣ್ಣು ಮೊದಲು ಹೊರಳಿದ್ದು ಬಡವರ ಕೇರಿಯ ಕಡೆಗೆ. ನಗರ ಹಾಳಾಯಿತು, ಕಣ್ಣಿನ ಆ ಹೊರಳು ಮಾತ್ರ ಉಳಿಯಿತೆಂದು ಮುಂದಿನ ಚರಿತ್ರೆ ತೋರಿಸುತ್ತದೆ.

*

೧೮೦೦ರಲ್ಲಿ ನಿಜಾಮನು ಬಳ್ಳಾರಿ ಮೊದಲಾದ ಸೀಮೆಗಳನ್ನು ಕಂಪನಿಗೆ ಬಿಟ್ಟುಕೊಟ್ಟನು. ಈ 'ದತ್ತ ಮಂಡಲ'ದ ಮೊದಲ ಪ್ರಧಾನ ಕಲೆಕ್ಟರನಾಗಿ ಬಂದ ಥಾಮಸ್ ಮನ್ರೋ ೧೮೦೭ರವರೆಗೆ ಇಲ್ಲಿದ್ದನು. ಸುಮಾರು ಎಂಬತ್ತು ಮಂದಿ ಪಾಳೆಯಗಾರರು ಇಲ್ಲಿನ ಕೋಟೆಕೊತ್ತಳಗಳಲ್ಲಿದ್ದರು; ಅವರ ಬಲವನ್ನು ಮುರಿದುದು ಮನ್ರೋ. ಪಾಳೆಯಗಾರನ ಆಳು ನಿನ್ನೆಯವರೆಗೆ ಯೋಧ. ಪಾಳೆಯ ಹೋದ ಮರುದಿನ ಕೆಲಸವಿಲ್ಲದ ಆಯುಧಪಾಣಿ. ಅಂಥವನನ್ನು 'ದರೋಡೆಗಾರ' ಎಂದು ಬರೆದುಕೊಳ್ಳಲು ಕಚೇರಿಯ ಕಡತಕ್ಕೆ ಬಹಳ ಕಾಲ ಬೇಕಾಗಲಿಲ್ಲ.

ಬಂಗಾಳದ ಮಾದರಿಯಲ್ಲಿ ದರೋಗರನ್ನು ನೇಮಿಸಿ ಮದ್ರಾಸ್ ಸರ್ಕಾರ ಮೊದಲು ಕೈಸುಟ್ಟುಕೊಂಡಿತು. ಮನ್ರೋನ ವಾದದಂತೆ ೧೮೧೬ರ ಹನ್ನೊಂದನೆಯ ರೆಗ್ಯುಲೇಶನ್ನಿನಿಂದ ಕಾವಲನ್ನು ಮತ್ತೆ ಗ್ರಾಮದ ಪಟೇಲ ತಳವಾರರಿಗೂ, ಅವರ ಮೇಲ್ವಿಚಾರಣೆಯನ್ನು ಕಂದಾಯದ ಅಧಿಕಾರಿಗಳಿಗೂ ವಹಿಸಲಾಯಿತು. ನಾಡಿನ ಪದ್ಧತಿಗೆ ಹತ್ತಿರವಾದ ಏರ್ಪಾಡು ನಿಜ. ಆದರೆ ಕಂದಾಯ ಕೇಳುವ ಬಾಯಿ, ಕಳ್ಳನೆಂದು ಹಿಡಿಯುವ ಕೈ, ಎರಡೂ ಒಂದೇ ದೇಹಕ್ಕೆ ಸೇರಿದವು. ಪರಿಣಾಮವನ್ನು ೧೮೫೫ರಲ್ಲಿ ಮದ್ರಾಸಿನ ಚಿತ್ರಹಿಂಸೆ ವಿಚಾರಣಾ ಆಯೋಗ ಬಯಲಿಗೆಳೆಯಿತು. ತೆರಿಗೆ ವಸೂಲಿಗೂ ತಪ್ಪೊಪ್ಪಿಗೆಗೂ ಜನರನ್ನು ಬಾಗಿಸಿ ಕಟ್ಟಿ ಬಿಸಿಲಲ್ಲಿ ನಿಲ್ಲಿಸುವುದು, 'ಕಿಟ್ಟಿ' ಎಂಬ ಮರದ ಇಕ್ಕಳದಲ್ಲಿ ಬೆರಳು ಸಿಕ್ಕಿಸಿ ಹಿಸುಕುವುದು ರೂಢಿಯಲ್ಲಿತ್ತೆಂದು ಅದರ ವರದಿ ಹೇಳಿತು. ಯಮದಂಡನ ಶಾಸ್ತ್ರ ಸಾವಿರ ವರ್ಷ ಕಳೆದರೂ ಹಳೆಯದಾಗಿರಲಿಲ್ಲ.

ಆ ವರದಿಯ ಬೆನ್ನಿಗೇ ೧೮೫೯ರ ಮದ್ರಾಸ್ ಪೊಲೀಸ್ ಕಾಯಿದೆ ಬಂತು. ಪೊಲೀಸು ಕಂದಾಯದಿಂದ ಬೇರೆಯಾಗಿ, ಸಮವಸ್ತ್ರ ತೊಟ್ಟು, ಪ್ರತ್ಯೇಕ ಇಲಾಖೆಯಾಯಿತು. ೧೮೬೦ರಲ್ಲಿ ಭಾರತೀಯ ದಂಡಸಂಹಿತೆ ರೂಪುಗೊಂಡಿತು. ೨೦೨೪ರ ಜುಲೈ ೧ರಂದು ಭಾರತೀಯ ನ್ಯಾಯ ಸಂಹಿತೆ ಅದರ ಸ್ಥಾನಕ್ಕೆ ಬರುವವರೆಗೆ ಅದೇ ನಮ್ಮನ್ನಾಳಿತು. ಹಳೆಯ ಲೆಕ್ಕ ಅಲ್ಲಿಗೆ ಮುಗಿಯಿತು. ಕಳುವಾದ ಸೊತ್ತಿನ ಬೆಲೆಯನ್ನು ಕಟ್ಟಿಕೊಡುವ ಹೊಣೆ ಹೊಸ ಪೊಲೀಸಿಗೆ ಇರಲಿಲ್ಲ. ಹೊಣೆ ಹೊರುವವನು ಹೋದ ಮೇಲೆ, ದೂರಿಗೊಳಗಾಗುವವನು ಒಬ್ಬ ಬೇಕಾದನು.

*

ಸರ್ಕಾರಕ್ಕೆ ಈಗ ಅಪರಾಧವನ್ನು ಹಿಡಿಯುವುದಷ್ಟೇ ಸಾಲದಾಯಿತು. ಅದನ್ನು 'ಅರ್ಥಮಾಡಿಕೊಳ್ಳುವ' ಹಂಬಲ ಹುಟ್ಟಿತು. ಈ ಹಂಬಲದ ಮೊದಲ ಹೆಜ್ಜೆ ಠಕ್ಕರ ಮೇಲಿನ ಕಾರ್ಯಾಚರಣೆ. ೧೮೩೬ರ ಕಾಯಿದೆಯಂತೆ, ಕೊಲೆಯನ್ನು ಸಾಬೀತುಪಡಿಸಬೇಕಾಗಿರಲಿಲ್ಲ. ಠಕ್ಕರ ಗುಂಪಿಗೆ ಸೇರಿದವನೆಂದು ತೋರಿದರೆ ಸಾಕು, ಆಜೀವ ಸೆರೆ. ಮುಂದೆ ನಮ್ಮ ಸುರಪುರದ ಆಡಳಿತವನ್ನು ನೋಡಿಕೊಂಡ ಮೆಡೋಸ್ ಟೇಲರನು ೧೮೩೯ರಲ್ಲಿ ಠಕ್ಕನೊಬ್ಬನ ತಪ್ಪೊಪ್ಪಿಗೆಯ ರೂಪದಲ್ಲಿ ಕಾದಂಬರಿ ಬರೆದು ಇಂಗ್ಲೆಂಡನ್ನು ಬೆಚ್ಚಿಬೀಳಿಸಿದನು. ಮಾಡಿದ್ದಕ್ಕೆ ಶಿಕ್ಷೆ ಎಂಬಲ್ಲಿಂದ ಸೇರಿದ್ದಕ್ಕೆ ಶಿಕ್ಷೆ ಎಂಬಲ್ಲಿಗೆ ಕಾನೂನು ಒಂದು ಹೆಜ್ಜೆ ಇಟ್ಟಿತು. ಹುಟ್ಟಿದ್ದಕ್ಕೆ ಶಿಕ್ಷೆ ಎಂಬುದಕ್ಕೆ ಇನ್ನೊಂದೇ ಹೆಜ್ಜೆ.

ಆ ಹೆಜ್ಜೆಯೇ ೧೮೭೧ರ ಅಪರಾಧಿ ಬುಡಕಟ್ಟುಗಳ ಕಾಯಿದೆ. ಈ ದೇಶದಲ್ಲಿ ಬಡಗಿಯ ಮಗ ಬಡಗಿ, ನೇಕಾರನ ಮಗ ನೇಕಾರ. ಹಾಗೆಯೇ ಕಳ್ಳನ ಮಗ ಕಳ್ಳ. ಕಳವು ಅವನ ಜಾತಿಧರ್ಮ. ಇದು ಕಾಯಿದೆಯ ಹಿಂದಿದ್ದ ತರ್ಕ. ಮೊದಲು ಉತ್ತರ ಭಾರತಕ್ಕೆ ಸೀಮಿತವಾಗಿದ್ದ ಈ ಕಾನೂನು ೧೯೧೧ರ ಹೊಸ ಕಾಯಿದೆಯಿಂದ ಮದ್ರಾಸ್ ಪ್ರಾಂತಕ್ಕೂ ಬಂತು. ಆಗ ನಾವು ಮದ್ರಾಸಿಗೆ ಸೇರಿದ್ದೆವು.

ಅದಕ್ಕೆ ಬೇಕಾದ ಓದು ಆ ಹೊತ್ತಿಗೆ ಸಿದ್ಧವಾಗಿತ್ತು. ೧೮೯೨ರಲ್ಲಿ ಮದ್ರಾಸ್ ಪೊಲೀಸಿನ ಮುಲ್ಲಾಲಿ ಪ್ರಾಂತದ 'ಅಪರಾಧಿ ವರ್ಗ'ಗಳ ಮೇಲೆ ಪುಸ್ತಕ ಬರೆದಿದ್ದ. ರೈಲ್ವೆ ಪೊಲೀಸಿನ ಪಾಪಾರಾವ್ ನಾಯ್ಡು ರೈಲುಗಳ್ಳರ ಮೇಲೊಂದು, ೧೯೦೫ರಲ್ಲಿ ಕೊರವರ ಮೇಲೊಂದು ಪುಸ್ತಕ ಬರೆದರು. ಮದ್ರಾಸ್ ವಸ್ತುಸಂಗ್ರಹಾಲಯದ ಎಡ್ಗರ್ ಥರ್ಸ್ಟನ್ ಜನರ ತಲೆ ಮೂಗುಗಳನ್ನು ಅಳೆದು, ಆ ಅಳತೆಯ ಪಾಠವನ್ನು ಪೊಲೀಸರಿಗೂ ಹೇಳಿ, ೧೯೦೯ರಲ್ಲಿ ದಕ್ಷಿಣ ಭಾರತದ ಜಾತಿ ಬುಡಕಟ್ಟುಗಳ ಏಳು ಸಂಪುಟಗಳನ್ನು ಹೊರತಂದನು. ಅಪರಾಧಿಯ ಗುರುತು ಅವನ ಮೈಕಟ್ಟಿನಲ್ಲಿದೆ ಎಂದು ಇಟಲಿಯ ಲಾಂಬ್ರೋಸೋ ೧೮೭೬ರಲ್ಲಿ ಸಾರಿದ್ದನು. ಯುರೋಪು ಮೈಯಲ್ಲಿ ಹುಡುಕಿದ್ದನ್ನು ಇಲ್ಲಿ ಜಾತಿಯಲ್ಲಿ ಹುಡುಕಿದರು.

ಈ ಗ್ರಂಥಗಳಲ್ಲಿ ಕೊರಚ ಕೊರಮರಿಗೆ ಸಿಕ್ಕಿರುವ ಚಿತ್ರವನ್ನು ನೋಡಿ. ನಮ್ಮ ಯಕ್ಷಗಾನಗಳಲ್ಲಿ ಕೊರವಂಜಿ ಬಂದಳೆಂದರೆ ಸಂಭ್ರಮ. ಆಕೆ ಕಣಿ ಹೇಳುವವಳು, ನಾಯಕಿಯ ಮನಸ್ಸನ್ನು ಓದುವವಳು. ಪೊಲೀಸ್ ಪುಸ್ತಕದಲ್ಲಿ ಅದೇ ಹೆಂಗಸು ಬುಟ್ಟಿ ಮಾರುವ ನೆವದಲ್ಲಿ ಮನೆಯ ಒಳಹೊರಗನ್ನು ನೋಡಿಕೊಂಡು ಹೋಗುವ ಬೇಹುಗಾತಿ! ಹೆಂಗಸು ಒಬ್ಬಳೇ, ಬುಟ್ಟಿಯೂ ಒಂದೇ. ನೋಡುವ ಕಣ್ಣು ಬೇರೆ.

ಆ ಜನ ನಿಜವಾಗಿ ಏನು ಮಾಡುತ್ತಿದ್ದರು? ಕತ್ತೆ ಎತ್ತುಗಳ ಮೇಲೆ ಕರಾವಳಿಯ ಉಪ್ಪನ್ನು ಒಳನಾಡಿಗೆ ತಂದು, ಧಾನ್ಯವನ್ನು ಹೇರಿಕೊಂಡು ಹೋಗುತ್ತಿದ್ದರು. ಬಂಡಿ ಹೋಗದ ಹಳ್ಳಿಗೆ ಅವರಿಂದಲೇ ಉಪ್ಪು. ಸರ್ಕಾರ ಉಪ್ಪನ್ನು ತನ್ನ ಹಿಡಿತಕ್ಕೆ ತೆಗೆದುಕೊಂಡಿತು. ೧೮೭೬ರಿಂದ ೭೮ರವರೆಗಿನ ಮಹಾಕ್ಷಾಮದಲ್ಲಿ ಬಳ್ಳಾರಿ ಸೀಮೆ ಬೆಂದುಹೋಯಿತು, ಹೇರೆತ್ತುಗಳಿಗೆ ಮೇವೆಲ್ಲಿಯದು? ೧೮೮೦ರ ದಶಕದಲ್ಲಿ ಬಳ್ಳಾರಿಯಿಂದ ಹೊಸಪೇಟೆಯ ಮೇಲೆ ಹುಬ್ಬಳ್ಳಿಯ ಕಡೆಗೆ ರೈಲು ಹರಿಯಿತು. ನೂರು ಎತ್ತಿನ ಹೇರನ್ನು ಒಂದು ಡಬ್ಬಿ ನುಂಗಿತು. ಕಾಡಿನ ಕಾನೂನುಗಳು ಬಿದಿರಿಗೂ ಹುಲ್ಲಿಗೂ ಬೇಲಿ ಹಾಕಿದವು. ಬದುಕಿನ ಮೂರು ನಾಲ್ಕು ಬಾಗಿಲುಗಳು ಹೀಗೆ ಮುಚ್ಚಿದ ಮೇಲೆ, ತಿರುಗುವುದನ್ನು ಬಿಡದ ಜನರನ್ನು ನೋಡಿ ಸರ್ಕಾರ ಕೇಳಿತು: "ಇವರಿಗೆ ಕಾಣುವಂಥ ಕಸುಬಿಲ್ಲ, ಮತ್ತೆ ಹೇಗೆ ಬದುಕುತ್ತಾರೆ?" ಅವರಲ್ಲಿ ಕೆಲವರು ಕಳವಿಗೆ ಇಳಿದಿರಲಿಲ್ಲವೆಂದು ನಾನು ಹೇಳುತ್ತಿಲ್ಲ. ಹಸಿವು ಎಲ್ಲ ಕುಲದಲ್ಲಿಯೂ ಕಳ್ಳರನ್ನು ಮಾಡುತ್ತದೆ. ಕೆಲವರು ಮಾಡಿದ ಕೃತ್ಯವನ್ನು ತೊಟ್ಟಿಲ ಕೂಸಿನ ಹೆಸರಿಗೂ ಬರೆದದ್ದು ಕ್ಷಾಮಕ್ಕಿಂತ ದೊಡ್ಡ ವಿಪತ್ತು.

*

೧೯೧೧ರ ಕಾಯಿದೆ ನಡೆಯುತ್ತಿದ್ದ ರೀತಿ ಹೀಗಿತ್ತು. ಯಾವುದೇ ಬುಡಕಟ್ಟು ಅಪರಾಧಕ್ಕೆ ಒಗ್ಗಿಹೋಗಿದೆಯೆಂದು ನಂಬಲು ಕಾರಣವಿದೆ ಎನಿಸಿದರೆ ಪ್ರಾಂತೀಯ ಸರ್ಕಾರ ಪ್ರಕಟಣೆ ಹೊರಡಿಸಬಹುದು. ಆ ಪ್ರಕಟಣೆಯನ್ನು ನ್ಯಾಯಾಲಯದಲ್ಲಿ ಪ್ರಶ್ನಿಸುವಂತಿಲ್ಲ. ಅನಂತರ ಪಟ್ಟಿ, ಹೆಸರು, ಬೆರಳಚ್ಚು, ಗೊತ್ತಾದ ಹೊತ್ತಿಗೆ ಹಾಜರಿ. ಊರು ಬಿಡಬೇಕಾದರೆ ತಿಳಿಸಬೇಕು, ಚೀಟಿ ಪಡೆಯಬೇಕು. ಆರರಿಂದ ಹದಿನೆಂಟು ವರ್ಷದೊಳಗಿನ ಮಕ್ಕಳನ್ನು ತಂದೆತಾಯಿಯರಿಂದ ಅಗಲಿಸಿ ಕೈಗಾರಿಕಾ ಶಾಲೆಗಳಲ್ಲಿಡಲೂ ಅವಕಾಶವಿತ್ತು. ಬೇಕೆನಿಸಿದರೆ ಇಡೀ ಸಮುದಾಯವನ್ನು 'ಸೆಟ್ಲ್‌ಮೆಂಟ್' ಎಂಬ ಬೇಲಿಯೊಳಗೆ ಕೂಡಿಸಬಹುದು. ತೆಲುಗು ನಾಡಿನಲ್ಲಿ ಸಾಲ್ವೇಶನ್ ಆರ್ಮಿಯವರು ನಡೆಸಿದ ಸ್ಟೂವರ್ಟ್‌ಪುರ ಅಂಥದು. ಮುಂಬಯಿ ಪ್ರಾಂತದಲ್ಲಿದ್ದ ವಿಜಯಪುರ, ಹುಬ್ಬಳ್ಳಿ, ಗದಗಗಳಲ್ಲಿ ಸ್ಟಾರ್ಟ್ ಎಂಬ ಅಧಿಕಾರಿಯ ಮೇಲ್ವಿಚಾರಣೆಯಲ್ಲಿ ಅಂಥವು ನಡೆದವು. ಹುಬ್ಬಳ್ಳಿಯಲ್ಲಿ ಆ ಬಡಾವಣೆಯನ್ನು ಇಂದಿಗೂ ಸೆಟ್ಲ್‌ಮೆಂಟ್ ಎಂದೇ ಕರೆಯುತ್ತಾರೆ. ಅಲ್ಲಿ ಶಾಲೆಯಿತ್ತು, ಕೂಲಿಯಿತ್ತು, ಹಾಜರಿಯೂ ಇತ್ತು. ಒಳ್ಳೆಯ ಮನಸ್ಸಿನ ಅಧಿಕಾರಿಗಳಿದ್ದರೆಂಬುದನ್ನು ಅಲ್ಲಗಳೆಯಬೇಕಾಗಿಲ್ಲ. ಆದರೆ ಬೇಲಿಯೊಳಗಿನ ಉಪಕಾರಕ್ಕೆ 'ಬೇಡ' ಎನ್ನುವ ಸ್ವಾತಂತ್ರ್ಯವಿಲ್ಲದಿದ್ದರೆ ಅದರ ಹೆಸರು ಬೇರೆಯೇ ಆಗುತ್ತದೆ.

ಬೆರಳಚ್ಚಿನ ವಿಷಯದಲ್ಲಿ ಒಂದು ಮಾತು. ೧೮೯೭ರಲ್ಲಿ ಕಲ್ಕತ್ತೆಯಲ್ಲಿ ಬೆರಳಚ್ಚಿನ ಕಚೇರಿ ತೆರೆಯಿತು. ಎಡ್ವರ್ಡ್ ಹೆನ್ರಿಯ ಹೆಸರಿನಲ್ಲಿ ಜಗತ್ತಿಗೆ ಹಬ್ಬಿದ ಆ ವರ್ಗೀಕರಣವನ್ನು ರೂಪಿಸುವುದರಲ್ಲಿ ಅಜೀಜುಲ್ ಹಕ್, ಹೇಮಚಂದ್ರ ಬೋಸ್ ಎಂಬ ನಮ್ಮವರ ದುಡಿಮೆಯಿದೆ. ಬೆರಳಚ್ಚು ಹೇಳುವುದೇನು? ಒಬ್ಬನಂತೆ ಇನ್ನೊಬ್ಬನಿಲ್ಲ ಎಂದು. ಅಣ್ಣನ ಗೆರೆ ತಮ್ಮನಿಗಿಲ್ಲ, ತಂದೆಯ ಗೆರೆ ಮಗನಿಗಿಲ್ಲ. ಮನುಷ್ಯನು ಒಬ್ಬೊಬ್ಬನೂ ಬೇರೆಯೆಂದು ಸಾರುವ ಈ ಸಾಕ್ಷಿಯನ್ನು ಕೈಯಲ್ಲಿ ಹಿಡಿದುಕೊಂಡೇ ಸರ್ಕಾರ, ಇವರೆಲ್ಲರೂ ಒಂದೇ ಎಂದು ಬರೆಯಿತು. ತಾನು ಕಂಡುಹಿಡಿದ ಸತ್ಯವನ್ನು ತಾನೇ ಓದದೆ ಹೋಯಿತು.

ಮದ್ರಾಸ್ ಪ್ರಾಂತದಲ್ಲಿ ಈ ಕಾಯಿದೆ ೧೯೪೭ರಲ್ಲಿಯೇ ರದ್ದಾಯಿತು. ಅನಂತಶಯನಂ ಅಯ್ಯಂಗಾರ್ ಸಮಿತಿಯ ವರದಿಯ ಮೇಲೆ ೧೯೫೨ರ ಆಗಸ್ಟ್ ೩೧ರಂದು ಇಡೀ ದೇಶದಲ್ಲಿ ಹೋಯಿತು. ಆ ದಿನವನ್ನು ವಿಮುಕ್ತ ಸಮುದಾಯಗಳು ತಮ್ಮ ಬಿಡುಗಡೆಯ ದಿನವಾಗಿ ಆಚರಿಸುತ್ತವೆ. ಮರುವರ್ಷ ಅಕ್ಟೋಬರ್ ೧ರಂದು ಬಳ್ಳಾರಿ ಮೈಸೂರು ರಾಜ್ಯಕ್ಕೆ ಸೇರಿತು. ಪಟ್ಟಿ ಹರಿಯಿತು, ಅಭ್ಯಾಸ ಹರಿಯಲಿಲ್ಲ. ರೂಢಿಗತ ಅಪರಾಧಿಗಳ ಕಾನೂನುಗಳು ಬಂದವು. ನಮ್ಮ ರಾಜ್ಯದ್ದು ೧೯೬೧ರದು. ಕುಲದ ಬದಲು ವ್ಯಕ್ತಿಯ ಪೂರ್ವಚರಿತ್ರೆಯನ್ನು ನೋಡುವುದೆಂಬ ತತ್ತ್ವ ಸರಿಯಾದುದೇ. ಆದರೆ ಕಳುವಾಯಿತೆಂದೊಡನೆ ಪೊಲೀಸರ ಜೀಪು ಯಾವ ಕೇರಿಗೆ ಮೊದಲು ಹೋಗುತ್ತದೆಂಬುದನ್ನು ಕಾನೂನಿನ ತಲೆಬರಹ ನಿರ್ಧರಿಸುವುದಿಲ್ಲ. ೨೦೨೪ರ ಅಕ್ಟೋಬರ್ ೩ರಂದು ಸುಪ್ರೀಂ ಕೋರ್ಟು, ಜೈಲುಗಳಲ್ಲಿ ಜಾತಿಯ ಮೇಲೆ ಕೆಲಸ ಹಂಚುವ ನಿಯಮಗಳನ್ನು ತಳ್ಳಿಹಾಕಿ, ವಿಮುಕ್ತ ಸಮುದಾಯದವರನ್ನು ಹುಟ್ಟಿನ ಕಾರಣದಿಂದ 'ರೂಢಿಗತ ಅಪರಾಧಿ'ಗಳೆಂದು ಕಾಣಬಾರದೆಂದು ಹೇಳಬೇಕಾಯಿತು. ಎಪ್ಪತ್ತೆರಡು ವರ್ಷಗಳ ಅನಂತರವೂ ಹೇಳಬೇಕಾಯಿತೆಂಬುದೇ ಇಲ್ಲಿನ ಸುದ್ದಿ.

*

ಈ ಶತಮಾನದ ಮೊದಲ ದಶಕದಲ್ಲಿ ಹೊಸಪೇಟೆಯಲ್ಲಿದ್ದವರಿಗೆ ಇನ್ನೊಂದು ಅಪರಾಧದ ನೆನಪಿರಬೇಕು. ಸೊಂಡೂರಿನ ಬೆಟ್ಟಗಳಿಂದ ಹಗಲಿರುಳು ಅದಿರಿನ ಲಾರಿಗಳು ಇಳಿಯುತ್ತಿದ್ದವು. ರಸ್ತೆಯ ಬದಿಯ ಬೇವಿನ ಮರ ಕೆಂಪು, ಒಣಹಾಕಿದ ಬಟ್ಟೆ ಕೆಂಪು, ಮಕ್ಕಳ ಕೆಮ್ಮಿನ ಕಫವೂ ಕೆಂಪು. ೨೦೧೧ರ ಜುಲೈಯಲ್ಲಿ ಲೋಕಾಯುಕ್ತ ನ್ಯಾಯಮೂರ್ತಿ ಸಂತೋಷ ಹೆಗ್ಡೆಯವರು ಒಪ್ಪಿಸಿದ ವರದಿ, ೨೦೦೬ರಿಂದ ೨೦೧೦ರವರೆಗಿನ ಅಕ್ರಮದಿಂದ ಬೊಕ್ಕಸಕ್ಕಾದ ನಷ್ಟವನ್ನು ೧೬,೦೮೫ ಕೋಟಿ ರೂಪಾಯಿಯೆಂದು ಲೆಕ್ಕ ಹಾಕಿತು. ಅದೇ ತಿಂಗಳಲ್ಲಿ ಸುಪ್ರೀಂ ಕೋರ್ಟು ಬಳ್ಳಾರಿ ಜಿಲ್ಲೆಯ ಗಣಿಗಾರಿಕೆಯನ್ನು ನಿಲ್ಲಿಸಿತು. 'ಬೇಲಿಯೇ ಎದ್ದು ಹೊಲ ಮೇಯ್ದಂತೆ' ಎಂಬ ಗಾದೆಗೆ ನಮ್ಮ ಸೀಮೆ ಹೊಸ ವ್ಯಾಖ್ಯಾನ ಬರೆಯಿತು.

ಆ ತನಿಖೆಯಲ್ಲಿ ಯಾರ ಮೂಗನ್ನೂ ಅಳೆಯಲಿಲ್ಲ. ಯಾವ ಕುಲವನ್ನೂ ಅಪರಾಧಿ ಕುಲವೆಂದು ಪಟ್ಟಿ ಮಾಡಲಿಲ್ಲ. ಯಾರ ಮಕ್ಕಳೂ ಹಾಜರಿ ಹೇಳಲಿಲ್ಲ. ಮಾಡಬಾರದಾಗಿತ್ತು, ಮಾಡಲಿಲ್ಲ, ಅದು ಸರಿಯಾದುದೇ. ಅಲ್ಲಿ ಎಣಿಸಿದ್ದು ಅದಿರಿನ ಟನ್ನುಗಳನ್ನು, ನೋಡಿದ್ದು ಪರವಾನಗಿಯ ಕಾಗದಗಳನ್ನು, ಹುಡುಕಿದ್ದು ಹಣ ಹೋದ ದಾರಿಯನ್ನು. ಅಪರಾಧವನ್ನು ಅರಿಯುವ ಕ್ರಮ ಅದೇ. ಕೃತ್ಯವನ್ನು ಎಣಿಸಬೇಕು, ಕಾಯುವವನಿಂದಲೂ ಲೆಕ್ಕ ಕೇಳಬೇಕು, ಹುಟ್ಟನ್ನು ಎಣಿಸಬಾರದು. ಗಣಿಯ ದೊಡ್ಡವರಿಗೆ ಸಂದ ಈ ಸರಳ ನ್ಯಾಯ ಬುಟ್ಟಿ ಹೆಣೆಯುವವನಿಗೆ ಏಕೆ ಸಲ್ಲಲಿಲ್ಲ? ಹುಡುಗನ ಪ್ರಶ್ನೆಯ ತಿರುಳು ಇಷ್ಟೇ.

ನಮ್ಮ ಸಾಹಿತ್ಯ ಈ ತಿರುಳನ್ನು ಬಹು ಹಿಂದೆಯೇ ಬಲ್ಲುದು. ಹನ್ನೆರಡನೆಯ ಶತಮಾನದ ಶರಣರಲ್ಲಿ ತಳವಾರ ಕಾಮಿದೇವನೂ ಉಂಟು, ಕನ್ನದ ಮಾರಿತಂದೆಯೂ ಉಂಟು. ಒಬ್ಬನು ಊರು ಕಾಯುವವನು. ಇನ್ನೊಬ್ಬನ ಕಸುಬು ಕನ್ನ ಹಾಕುವುದಾಗಿತ್ತೆಂದು ಹೇಳುತ್ತಾರೆ. ಇಬ್ಬರ ವಚನಗಳನ್ನೂ ನಾವು ಒಂದೇ ಸಾಲಿನಲ್ಲಿಟ್ಟು ಓದುತ್ತೇವೆ. ವಿದ್ಯುಚ್ಚೋರನಾದರೂ ಕಳ್ಳನಾಗಿ ಕೊನೆಗಾಣುವುದಿಲ್ಲ. 'ವಡ್ಡಾರಾಧನೆ' ಅವನ ಕಥೆಯನ್ನು ಹೇಳುವುದೇ ಅವನು ರಿಸಿಯಾದನೆಂಬ ಕಾರಣಕ್ಕೆ. ಮನುಷ್ಯ ಬದಲಾಗಬಲ್ಲನೆಂಬ ನಂಬಿಕೆಯಿಲ್ಲದವರು ಆ ಗ್ರಂಥವನ್ನು ಬರೆಯುತ್ತಿರಲಿಲ್ಲ. ೧೮೭೧ರ ಕಾಯಿದೆಯನ್ನು ಬರೆದವರಿಗೆ ಇಲ್ಲದೆ ಹೋದುದು ಆ ನಂಬಿಕೆಯೇ.

ಕೆಲವು ವಾರಗಳ ಅನಂತರ ಇದೆಲ್ಲವನ್ನೂ ತರಗತಿಯಲ್ಲಿ ಹೇಳಿದೆ. ಹುಡುಗ ಕೇಳಿಕೊಂಡು ಕುಳಿತಿದ್ದ. ಗಂಟೆ ಬಾರಿಸಿ ಎಲ್ಲರೂ ಹೋದ ಮೇಲೆ ಮೇಜಿನ ಬಳಿಗೆ ಬಂದು ಮೆಲ್ಲನೆ ಕೇಳಿದ: "ಸರ್, ನಮ್ಮ ಮುತ್ತಜ್ಜನ ಫೋಟೋ ಒಂದೂ ಮನೆಯಲ್ಲಿಲ್ಲ. ಅವರ ಬೆರಳಚ್ಚು ಯಾವುದಾದರೂ ಕಚೇರಿಯಲ್ಲಿ ಇನ್ನೂ ಇರಬಹುದೆ?"

ಇರಬಹುದು ಎಂದೆ. ಸಿಕ್ಕರೆ ಮನೆಗೆ ತಂದು ಇಟ್ಟುಕೊಳ್ಳುವ ಆಸೆ ಅವನದು. ಒಂದು ಸರ್ಕಾರ ಅಪನಂಬಿಕೆಯಿಂದ ತೆಗೆದುಕೊಂಡ ಗುರುತನ್ನು ಒಂದು ಮನೆ ಪ್ರೀತಿಯಿಂದ ಕೇಳುತ್ತಿದೆ.